ಹೋಮರ್ ಪ್ಲೆಸ್ಸಿ: ಒಂದು ಆಸನಕ್ಕಾಗಿ ಬಂಧಿತರಾದ ಗೃಹಸ್ಥ

ರೈಲುಗಾಡಿಯಲ್ಲಿ ಚೀಟಿ ಕೊಂಡವನಿಗೆ ಆಸನ ದೊರೆಯಬೇಕೆಂಬುದರಲ್ಲಿ ನಮಗಾರಿಗೂ ಸಂದೇಹವಿಲ್ಲ. ಆದರೆ ಕೊಂಡ ಆಸನದಲ್ಲಿ ಕುಳಿತ ಕಾರಣಕ್ಕೇ ಅಪರಾಧಿಯೆನಿಸಿಕೊಂಡ ಒಬ್ಬ ಕಥೋಲಿಕ ಗೃಹಸ್ಥರನ್ನು ಈ ವಾರ ಸ್ಮರಿಸೋಣ. ಅವರೇ ಅಮೆರಿಕದ ನ್ಯೂ ಆರ್ಲಿಯನ್ಸ್ ನಗರದ ಹೋಮರ್ ಪ್ಲೆಸ್ಸಿ.

ಅಮೆರಿಕದ ಅಂತರ್ಯುದ್ಧದ ದಿನಗಳಲ್ಲಿ, ಫ್ರೆಂಚ್ ಭಾಷೆಯ ಕ್ರಿಯೋಲ್ ಸಮುದಾಯದ ಕಥೋಲಿಕ ಕುಟುಂಬದಲ್ಲಿ ಅವರು ಜನಿಸಿದರು. ಬಡಗಿಯಾಗಿದ್ದ ತಂದೆ ಬಾಲ್ಯದಲ್ಲಿಯೇ ತೀರಿಕೊಂಡರು. ತಾಯಿ ಬಟ್ಟೆ ಹೊಲಿದು ಸಂಪಾದಿಸುತ್ತಿದ್ದರು. ಮಗ ಪಾದರಕ್ಷೆ ತಯಾರಿಸುವ ಕಸುಬನ್ನು ಕಲಿತರು. 1888ರಲ್ಲಿ ಟ್ರೆಮೆ ಬಡಾವಣೆಯ ಸಂತ ಅಗಸ್ಟೀನರ ದೇವಾಲಯದಲ್ಲಿ ಲೂಯಿಸ್ ಬೋರ್ಡೆನೇವ್ ಅವರೊಡನೆ ಅವರ ವಿವಾಹ ಸಂಸ್ಕಾರ ನೆರವೇರಿತು.

ಅಂದಿನ ಅಮೆರಿಕದ ರೈಲುಡಬ್ಬಿಯು ಐರೋಪ್ಯ ಗಾಡಿಗಳಂತೆ ಚಿಕ್ಕ ಕೋಣೆಗಳಾಗಿ ವಿಭಾಗಗೊಂಡಿರಲಿಲ್ಲ. ನಡುವೆ ಓಡಾಡುವ ಹಾದಿ, ಇಕ್ಕೆಲಗಳಲ್ಲಿ ಆಸನಗಳ ಸಾಲು: ಅದೊಂದು ಉದ್ದನೆಯ ಹಜಾರವೇ ಸರಿ. ಅಪರಿಚಿತರು ಒತ್ತಾಗಿ ಕುಳಿತು ಪಯಣಿಸಬೇಕಾಗಿತ್ತು. ಗುಲಾಮಗಿರಿ ಅಳಿದ ಬಳಿಕ ಈ ಸಾಮೀಪ್ಯವು ದಕ್ಷಿಣದ ಅನೇಕ ಬಿಳಿಯರಿಗೆ ಸಹನೀಯವಾಗಲಿಲ್ಲ. 1890ರಲ್ಲಿ ಲೂಸಿಯಾನಾ ರಾಜ್ಯವು ಬಿಳಿಯರಿಗೂ ಕರಿಯರಿಗೂ ಬೇರೆ ಬೇರೆ ಡಬ್ಬಿಗಳನ್ನು ಕಡ್ಡಾಯಗೊಳಿಸಿತು. ತಪ್ಪಿದ ಪ್ರಯಾಣಿಕನಿಗೆ 25 ಡಾಲರ್ ದಂಡ ಅಥವಾ 20 ದಿನಗಳ ಸೆರೆವಾಸ. ಹೆಚ್ಚುವರಿ ಡಬ್ಬಿಗಳ ವೆಚ್ಚದಿಂದಾಗಿ ರೈಲು ಕಂಪನಿಗಳಿಗೂ ಈ ಕಾನೂನು ಪ್ರಿಯವಾಗಿರಲಿಲ್ಲ.

ಈ ಕಾನೂನಿನಲ್ಲಿ ಒಂದು ವಿನಾಯಿತಿಯಿತ್ತು. ಬಿಳಿಯರ ಮಗುವನ್ನು ಎತ್ತಿಕೊಂಡ ಕರಿಯ ದಾದಿ ಬಿಳಿಯರ ಡಬ್ಬಿಯಲ್ಲಿಯೇ ಕುಳಿತುಕೊಳ್ಳಬಹುದಾಗಿತ್ತು! ಸೇವಕಿಯಾಗಿ ಬಂದವಳ ಸಾಮೀಪ್ಯ ಯಾರಿಗೂ ಬಾಧಕವಲ್ಲ; ಸಮಾನಳಾಗಿ ಬಂದರೆ ಮಾತ್ರ ಅಪರಾಧ. ಕಾನೂನಿನ ಅಂತರಂಗವನ್ನು ಅರಿಯಲು ಇದಕ್ಕಿಂತ ಬೇರೆ ಸಾಕ್ಷ್ಯ ಬೇಕೆ?

1891ರಲ್ಲಿ ಕ್ರಿಯೋಲ್ ಮುಖಂಡರು ನಾಗರಿಕರ ಸಮಿತಿಯೊಂದನ್ನು ರಚಿಸಿ, ನ್ಯಾಯಾಲಯದಲ್ಲಿ ಈ ಕಾನೂನನ್ನು ಪರೀಕ್ಷೆಗೊಡ್ಡಲು ನಿಶ್ಚಯಿಸಿದರು. ಅದಕ್ಕೆ ಒಪ್ಪಿ ಮುಂದೆ ಬಂದವರು ಪ್ಲೆಸ್ಸಿ. ಅವರ ಮುತ್ತಜ್ಜ ಮುತ್ತಜ್ಜಿಯರ ಪೈಕಿ ಎಂಟರಲ್ಲಿ ಒಬ್ಬರು ಮಾತ್ರ ಆಫ್ರಿಕಾ ಮೂಲದವರೆಂದು ನ್ಯಾಯಾಲಯಕ್ಕೆ ತಿಳಿಸಲಾಯಿತು. ನೋಟಕ್ಕೆ ಅವರು ಬಿಳಿಯರೇ. 1892ರ ಜೂನ್ 7ರಂದು ಕೋವಿಂಗ್‌ಟನ್ ಊರಿಗೆ ಪ್ರಥಮ ದರ್ಜೆಯ ಚೀಟಿ ಕೊಂಡು ಬಿಳಿಯರ ಡಬ್ಬಿಯಲ್ಲಿ ಕುಳಿತರು. ವಿಚಾರಿಸಿದ ಗಾಡಿಯ ಅಧಿಕಾರಿಗೆ ತಾವು ವರ್ಣೀಯರೆಂಬುದನ್ನು ಮರೆಮಾಚದೆ ತಿಳಿಸಿದರು, ಏಳಲೊಪ್ಪದೆ ಬಂಧಿತರಾದರು. ಸುಳ್ಳಾಡಿದ್ದರೆ ಸುಖವಾಗಿ ಊರು ಸೇರಬಹುದಾಗಿತ್ತು. ಸತ್ಯವನ್ನಾಡಿದ್ದರಿಂದಲೇ ಅವರಿಗೆ ಆಸನ ತಪ್ಪಿತು. ಸರಿಯಾಗಿ ಒಂದು ವರ್ಷದ ತರುವಾಯ, 1893ರ ಜೂನ್ 7ರಂದು, ದಕ್ಷಿಣ ಆಫ್ರಿಕಾದ ಪೀಟರ್‌ಮಾರಿಟ್ಸ್‌ಬರ್ಗ್ ನಿಲ್ದಾಣದಲ್ಲಿ ಗಾಂಧೀಜಿಯವರನ್ನು ಪ್ರಥಮ ದರ್ಜೆಯ ಡಬ್ಬಿಯಿಂದ ಹೊರದಬ್ಬಲಾಯಿತೆಂಬುದನ್ನು ನಾವು ಬಲ್ಲೆವು.

ಮೊಕದ್ದಮೆ ಅಮೆರಿಕದ ಸರ್ವೋಚ್ಚ ನ್ಯಾಯಾಲಯದವರೆಗೂ ಏರಿತು. 1896ರ ಮೇ 18ರಂದು ಏಳು ಮಂದಿ ನ್ಯಾಯಮೂರ್ತಿಗಳು ಕಾನೂನನ್ನು ಎತ್ತಿಹಿಡಿದರು. ಜಾನ್ ಮಾರ್ಷಲ್ ಹಾರ್ಲನ್ ಒಬ್ಬರೇ ಭಿನ್ನಮತ ಬರೆದರು. ಪ್ರತ್ಯೇಕಿಸುವುದು ಕೀಳಾಗಿ ಕಂಡಂತಲ್ಲ ಎಂಬುದು ಬಹುಮತದ ತರ್ಕ. ನಿರಾಕರಿಸಲ್ಪಟ್ಟವನು ಮಾತ್ರ ಈ ತರ್ಕದ ದೋಷವನ್ನು ಒಡನೆಯೇ ಗುರುತಿಸಬಲ್ಲ. ನ್ಯಾಯಕ್ಕೆ ವಿರುದ್ಧವಾದ ಕಾನೂನು ಕಾನೂನಿನ ವಿಕೃತಿಯೆಂದು ಸಂತ ತೋಮಸ್ ಅಕ್ವಿನಾಸರು ಬಹುಕಾಲದ ಹಿಂದೆಯೇ ಬೋಧಿಸಿದ್ದರಷ್ಟೆ.

ನಾವು ಇಲ್ಲಿ ನ್ಯಾಯಾಧೀಶರನ್ನಷ್ಟೇ ದೂಷಿಸಿ ಕೈತೊಳೆದುಕೊಳ್ಳುವಂತಿಲ್ಲ. ಮೊಕದ್ದಮೆ ನಡೆಯುತ್ತಿದ್ದ ದಿನಗಳಲ್ಲಿಯೇ, 1895ರಲ್ಲಿ, ನ್ಯೂ ಆರ್ಲಿಯನ್ಸ್‌ನ ಮಹಾಧರ್ಮಾಧ್ಯಕ್ಷರು ಕರಿಯರಿಗಾಗಿ ಪ್ರತ್ಯೇಕ ಧರ್ಮಕೇಂದ್ರವೊಂದನ್ನು ತೆರೆದರು. ಅವರ ಉದ್ದೇಶ ಒಳ್ಳೆಯದೇ ಇದ್ದಿರಬಹುದು. ಆದರೆ ಕ್ರಿಯೋಲ್ ಮುಖಂಡರು ಅದನ್ನು ವಿರೋಧಿಸಿದರು. ರೈಲಿನಲ್ಲಿ ಎಳೆದ ಗೆರೆಯನ್ನು ಬಲಿಪೀಠದ ಮುಂದೆಯೂ ಎಳೆಯುವುದೆಂದರೆ ಅವರ ಮನಸ್ಸಿಗೆ ಎಷ್ಟು ನೋವಾಗಿರಬೇಕು!

1897ರ ಜನವರಿಯಲ್ಲಿ ಪ್ಲೆಸ್ಸಿಯವರು ತಪ್ಪೊಪ್ಪಿ 25 ಡಾಲರ್ ದಂಡ ತೆತ್ತರು. ಮುಂದೆ ಕೂಲಿಯಾಗಿ, ಗುಮಾಸ್ತರಾಗಿ, ವಿಮಾ ಕಂತು ವಸೂಲಿಗಾರರಾಗಿ ಸದ್ದಿಲ್ಲದೆ ಬಾಳಿ, 1925ರ ಮಾರ್ಚ್ 1ರಂದು ನಿಧನರಾದರು. ತಮ್ಮ ಹೋರಾಟದ ಫಲವನ್ನು ಅವರು ಕಾಣಲಿಲ್ಲ. 1954ರಲ್ಲಿ ಅದೇ ಸರ್ವೋಚ್ಚ ನ್ಯಾಯಾಲಯವು ಶಾಲೆಗಳಲ್ಲಿನ ಪ್ರತ್ಯೇಕತೆಯನ್ನು ತಳ್ಳಿಹಾಕಿತು. 2022ರ ಜನವರಿ 5ರಂದು ಲೂಸಿಯಾನಾದ ರಾಜ್ಯಪಾಲರು ಪ್ಲೆಸ್ಸಿಯವರಿಗೆ ಮರಣೋತ್ತರ ಕ್ಷಮಾದಾನ ನೀಡಿದರು. ನಿಜದಲ್ಲಿ ಕ್ಷಮೆ ಬೇಡಬೇಕಾದವರು ಅವರಾಗಿರಲಿಲ್ಲ.

ಭಾನುವಾರದ ಬಲಿಪೂಜೆಗೆ ಬಂದಾಗ ನಾವು ಯಾರ ಪಕ್ಕದಲ್ಲಿ ಕುಳಿತುಕೊಳ್ಳುತ್ತೇವೆ, ಯಾರನ್ನು ಕಂಡು ತುಸು ಸರಿದು ಕೂರುತ್ತೇವೆ? ಈ ಪ್ರಶ್ನೆಯನ್ನು ನಮ್ಮ ಕುಟುಂಬಗಳಲ್ಲಿ ಕೇಳಿಕೊಂಡರೆ, ಆ ಕಸುಬುದಾರರು ಅಂದು ತೆತ್ತ ದಂಡ ವ್ಯರ್ಥವಾಗದು.