ಎರಡು ನುಡಿಗಳ ನಟ ಬಳ್ಳಾರಿ ರಾಘವ

ಬಳ್ಳಾರಿಗೆ ಹೋಗಿ ಬಂದ ನಮ್ಮ ಕೌತಾಳಂ, ಆದೋನಿ ಭಾಗದವರು ಅಲ್ಲಿನ ರಾಘವ ಕಲಾಮಂದಿರವನ್ನು ಕಂಡಿರಬಹುದು. ಆ ಹೆಸರಿನ ಹಿಂದಿರುವ ಮಹನೀಯರ ಬದುಕು ಗಡಿನಾಡಿನ ಪ್ರತಿಯೊಂದು ಮಗುವೂ ತಿಳಿಯತಕ್ಕದ್ದು.

ತಾಡಿಪತ್ರಿ ರಾಘವಾಚಾರ್ಯರು ಜನಿಸಿದ್ದು 1880ರ ಆಗಸ್ಟ್ 2ರಂದು, ಅನಂತಪುರ ಸೀಮೆಯ ತಾಡಿಪತ್ರಿಯಲ್ಲಿ. ಮನೆಮಾತು ತೆಲುಗು, ಬೆಳೆದ ಊರು ಕನ್ನಡ ತೆಲುಗುಗಳೆರಡೂ ಬೆರೆತ ಬಳ್ಳಾರಿ. ಸೋದರಮಾವ ಧರ್ಮವರಂ ರಾಮಕೃಷ್ಣಮಾಚಾರ್ಯರು ಹೆಸರಾಂತ ನಾಟಕಕಾರರು. ಅವರ ಸರಸ ವಿನೋದಿನಿ ಸಭೆಯ ನೆರಳಿನಲ್ಲಿ ಬಾಲಕನಿಗೆ ರಂಗಭೂಮಿಯ ಒಲವು ಅಂಟಿತು. ಮದರಾಸಿನಲ್ಲಿ ಕಾನೂನು ಓದಿ ಬಳ್ಳಾರಿಯಲ್ಲಿ ವಕೀಲರಾದ ರಾಘವರು ಜೀವನಕ್ಕೆ ವಕೀಲಿಯನ್ನು ನಂಬಿದರು, ನಾಟಕವನ್ನು ಹೊಟ್ಟೆಪಾಡಾಗಿಸಲಿಲ್ಲ.

ಆ ಕಾಲದ ನಾಟಕವೆಂದರೆ ಪದ್ಯಗಳನ್ನು ರಾಗವೆಳೆದು ಹಾಡುವುದೇ ಆಗಿತ್ತು. ರಾಘವರು ರಾಗಾಲಾಪವನ್ನು ತಗ್ಗಿಸಿ, ಮಾತಿಗೂ ಭಾವಕ್ಕೂ ಮೊದಲ ಸ್ಥಾನ ಕೊಟ್ಟರು. ತೆಲುಗು, ಕನ್ನಡ, ಹಿಂದಿ, ಇಂಗ್ಲಿಷ್ ನಾಟಕಗಳಲ್ಲಿ ಅಭಿನಯಿಸಿದರು. ಕೋಲಾಚಲಂ ಶ್ರೀನಿವಾಸರಾಯರ ವಿಜಯನಗರದ ಪತನವನ್ನು ಕುರಿತ ನಾಟಕದಲ್ಲಿ ಅವರು ವಹಿಸಿದ ಪಠಾಣನ ಪಾತ್ರ ಜನಮನದಲ್ಲಿ ನೆಲೆನಿಂತಿತು. ಆಚಾರವಂತ ವೈಷ್ಣವ ಕುಲದಲ್ಲಿ ಹುಟ್ಟಿದವರು ಪಠಾಣನ ಅಂತರಂಗವನ್ನು ಹೊಕ್ಕು ನಟಿಸಿದ್ದು ಸಣ್ಣ ಸಂಗತಿಯಲ್ಲ. ಪರರ ನೋವನ್ನು ತನ್ನದಾಗಿಸಿಕೊಳ್ಳುವುದೇ ನಟನ ಧರ್ಮವಷ್ಟೆ.

ಸ್ತ್ರೀಪಾತ್ರಗಳನ್ನು ಗಂಡಸರೇ ಧರಿಸುತ್ತಿದ್ದ ದಿನಗಳವು. ಸ್ತ್ರೀಪಾತ್ರವನ್ನು ಸ್ತ್ರೀಯರೇ ವಹಿಸಬೇಕೆಂದು ರಾಘವರು ಪಟ್ಟು ಹಿಡಿದರು. ವಿದ್ಯಾವಂತ ಮಹಿಳೆಯರನ್ನು ರಂಗಕ್ಕೆ ಕರೆತಂದರು. ನಿಂದೆ ಬಂದರೂ ಹಿಂಜರಿಯಲಿಲ್ಲ. ಇಂಗ್ಲೆಂಡಿಗೆ ತೆರಳಿ ಬರ್ನಾರ್ಡ್ ಷಾ ಅವರನ್ನು ಕಂಡುಬಂದರು. ಇಳಿವಯಸ್ಸಿನಲ್ಲಿ ಚಲನಚಿತ್ರವನ್ನೂ ಅಪ್ಪಿದರು. ಗೂಡವಲ್ಲಿ ರಾಮಬ್ರಹ್ಮಂ ನಿರ್ದೇಶಿಸಿದ, 1939ರಲ್ಲಿ ತೆರೆಕಂಡ 'ರೈತು ಬಿಡ್ಡ' ಜಮೀನ್ದಾರರ ದಬ್ಬಾಳಿಕೆಯಲ್ಲಿ ನಲುಗಿದ ಬೇಸಾಯಗಾರರ ಕಥೆ. ಅದರಲ್ಲಿ ರಾಘವರು ರೈತನಾಗಿ ನಿಂತರು. ಕೆಲವು ಕಡೆಗಳಲ್ಲಿ ಆ ಚಿತ್ರದ ಪ್ರದರ್ಶನವನ್ನೇ ನಿಷೇಧಿಸಲಾಯಿತು.

1946ರ ಏಪ್ರಿಲ್ 16ರಂದು ರಾಘವರು ತೀರಿಕೊಂಡರು. ಆಗ ಆದೋನಿ ತಾಲ್ಲೂಕು ಬಳ್ಳಾರಿ ಜಿಲ್ಲೆಯಲ್ಲಿಯೇ ಇತ್ತು. ಏಳು ವರ್ಷಗಳ ತರುವಾಯ, 1953ರಲ್ಲಿ ಜಿಲ್ಲೆ ಹೋಳಾಯಿತು: ಬಳ್ಳಾರಿ ಮೈಸೂರಿಗೆ, ಆದೋನಿ, ಆಲೂರು, ರಾಯದುರ್ಗಗಳು ಆಂಧ್ರಕ್ಕೆ. ನೆಲ ಹಂಚಿಹೋಯಿತು, ನಾಲಿಗೆ ಹಂಚಿಹೋಗಲಿಲ್ಲ. ಇಂದಿಗೂ ನಮ್ಮ ಸಂತೆಗಳಲ್ಲಿ ಎರಡು ಭಾಷೆಗಳೂ ಒಂದೇ ತಕ್ಕಡಿಯಲ್ಲಿ ತೂಗುತ್ತವೆ.

ಕನ್ನಡ ಮಾಧ್ಯಮದಲ್ಲಿ ಓದಿದರೆ ಮಗು ಇತ್ತಲೂ ಸಲ್ಲದು, ಅತ್ತಲೂ ಸಲ್ಲದು ಎಂಬ ಅಳುಕು ಅನೇಕ ತಾಯಿತಂದೆಗಳಲ್ಲಿದೆ. ಪ್ರತಿ ಜೂನ್ ತಿಂಗಳಲ್ಲಿ ಶಾಲೆಯ ಹಾಜರಿ ಪುಸ್ತಕ ತೆರೆಯುವಾಗ ಆ ಅಳುಕನ್ನು ನಾನು ಹೆಸರುಗಳ ಸಂಖ್ಯೆಯಲ್ಲಿಯೇ ಕಾಣುತ್ತೇನೆ. ರಾಘವರ ಬದುಕು ಅದಕ್ಕೆ ಉತ್ತರ. ಮನೆಮಾತನ್ನು ಬಿಡದೆ ನೆರೆಮಾತನ್ನು ಗೌರವಿಸಿದವರು ಎರಡೂ ಕಡೆ ಸಂದರು. ಈ ವರ್ಷದ ಶಾಲಾ ವಾರ್ಷಿಕೋತ್ಸವದಲ್ಲಿ ನಮ್ಮ ಮಕ್ಕಳು, ಹುಡುಗಿಯರೂ ಹುಡುಗರೂ ಕೂಡಿ, ಒಂದು ಕನ್ನಡ ನಾಟಕವಾಡಲಿ. ರಾಘವರಿಗೆ ಸಲ್ಲತಕ್ಕ ಸ್ಮರಣೆ ಅದೇ.