ಕಿಟ್ಟೆಲರೂ ಇಬ್ರಿಯ ಭಾಷೆಯೂ

ಹೆಬ್ಬಾಳದ ನಮ್ಮ ಮನೆಯ ಹತ್ತಿರದ ಚರ್ಚಿನಲ್ಲಿ ಕನ್ನಡ ಪ್ರಾರ್ಥನೆ ‘ಆಮೆನ್’ ಎಂದು ಮುಗಿದಾಗಲೆಲ್ಲ ನನಗೆ ರೆವರೆಂಡ್ ಫರ್ಡಿನಂಡ್ ಕಿಟ್ಟೆಲರ ನೆನಪಾಗುತ್ತದೆ. ‘ಆಮೆನ್’, ‘ಹಲ್ಲೆಲೂಯ’ ಇವು ಇಬ್ರಿಯ, ಎಂದರೆ ಹೀಬ್ರೂ, ಭಾಷೆಯ ಮಾತುಗಳು. ಕ್ರೈಸ್ತರ ಹಳೆಯ ಒಡಂಬಡಿಕೆಯ ಬಹುಭಾಗ ರಚಿತವಾದುದು ಆ ಭಾಷೆಯಲ್ಲಿಯೇ.

1832ರಲ್ಲಿ ಜರ್ಮನಿಯಲ್ಲಿ ಪಾದ್ರಿಯೊಬ್ಬರ ಮಗನಾಗಿ ಜನಿಸಿದ ಕಿಟ್ಟೆಲರು ಎಳೆಯ ವಯಸ್ಸಿನಲ್ಲೇ ಗ್ರೀಕ್, ಲ್ಯಾಟಿನ್‌ಗಳೊಡನೆ ಇಬ್ರಿಯವನ್ನೂ ಅಭ್ಯಾಸಮಾಡಿದರು. (ಇಬ್ರಿಯ ಬೈಬಲ್ಲಿನ ಸಂಪಾದನೆಗೆ ಹೆಸರಾದ ರುಡಾಲ್ಫ್ ಕಿಟ್ಟೆಲ್ ಬೇರೆ ವಿದ್ವಾಂಸರು, ಬಹುಕಾಲ ನಾನು ಇಬ್ಬರನ್ನೂ ಒಬ್ಬರೆಂದೇ ತಿಳಿದಿದ್ದೆ.) 1853ರಲ್ಲಿ ಬಾಸೆಲ್ ಮಿಷನ್ನಿನ ವತಿಯಿಂದ ಅವರು ಕರ್ನಾಟಕಕ್ಕೆ ಬಂದರು. ಶಾಸ್ತ್ರವನ್ನು ಅದರ ಮೂಲಭಾಷೆಯಲ್ಲೇ ಅರಿಯಬೇಕೆಂಬ ಆ ಹಳೆಯ ಶಿಸ್ತೇ ಅವರನ್ನು ಕನ್ನಡದ ಬೇರಿನವರೆಗೆ ಇಳಿಸಿತೆಂದು ನನ್ನ ಊಹೆ. ಕ್ರಿಸ್ತನ ಚರಿತೆಯನ್ನು ಕನ್ನಡ ಪದ್ಯದಲ್ಲಿ ಹಾಡಿದ ‘ಕಥಾಮಾಲೆ’ 1862ರಲ್ಲಿ ಹೊರಬಂದಿತು. 1872ರಲ್ಲಿ ಕೇಶಿರಾಜನ ‘ಶಬ್ದಮಣಿದರ್ಪಣ’, 1875ರಲ್ಲಿ ನಾಗವರ್ಮನ ‘ಛಂದೋಂಬುಧಿ’ ಅವರ ಸಂಪಾದನೆಯಲ್ಲಿ ಬೆಳಕು ಕಂಡವು.

ಬೋಧನೆಗೆಂದು ಬಂದವರು ಹೀಗೆ ಗ್ರಂಥಗಳಲ್ಲಿ ಮುಳುಗಿದ್ದು ಮಿಷನ್ನಿನ ಹಿರಿಯರಿಗೆ ಅಷ್ಟಾಗಿ ಹಿಡಿಸಲಿಲ್ಲ. ಆ ಒಂಟಿತನವನ್ನು ಸಹಿಸಿಯೇ ಅವರು ಸುಮಾರು 70,000 ಪದಗಳ ನಿಘಂಟನ್ನು ಕಟ್ಟಿದರು. 1894ರಲ್ಲಿ ಅದು ಮಂಗಳೂರಿನಲ್ಲಿ ಅಚ್ಚಾಯಿತು. 1903ರಲ್ಲಿ ಅವರ ಕನ್ನಡ ವ್ಯಾಕರಣವೂ ಪ್ರಕಟವಾಯಿತು. ಅದೇ ವರ್ಷದ ಡಿಸೆಂಬರಿನಲ್ಲಿ, ದೂರದ ಟ್ಯೂಬಿಂಗನ್ನಿನಲ್ಲಿ, ಅವರು ಕಣ್ಣುಮುಚ್ಚಿದರು.