ಭೂತದ ಹಿಂದಿನ ಮನುಷ್ಯನನ್ನು ಹುಡುಕಿದ ಕಾರಂತರು

ನಿನ್ನದು ಯಾವ ಲೈನ್ ಎಂದು ಯಾರಾದರೂ ಕೇಳಿದರೆ ಒಂದೇ ಪದದಲ್ಲಿ ಉತ್ತರ ಹೇಳಬೇಕು. ಬಿಇ ಓದುತ್ತಿರುವ ನನಗೂ, ಕೆಲಸ ಹುಡುಕುತ್ತಿರುವ ಗೆಳೆಯರಿಗೂ ಇದು ದಿನನಿತ್ಯದ ಪ್ರಶ್ನೆ. ಶಿವರಾಮ ಕಾರಂತರನ್ನು ಹೀಗೆ ಕೇಳಿದ್ದರೆ ಯಾವ ಪದ ಹೇಳುತ್ತಿದ್ದರೋ! ಕಾದಂಬರಿ, ನಾಟಕ, ಯಕ್ಷಗಾನ, ಮೂಕಿಚಿತ್ರ, ಚಿತ್ರಕಲೆ, ಮಕ್ಕಳಿಗೆ ವಿಜ್ಞಾನ, ಎಲ್ಲದರಲ್ಲೂ ಅವರು ಕೈಯಾಡಿಸಿದ್ದರು.

ಕಾರಂತರು ಹುಟ್ಟಿದ್ದು 1902ರಲ್ಲಿ, ಉಡುಪಿ ಬಳಿಯ ಕೋಟದಲ್ಲಿ. ಯಕ್ಷಗಾನದ ಚೆಂಡೆ, ಭೂತಾರಾಧನೆ ಎರಡೂ ಜೀವಂತವಾಗಿರುವ ಕರಾವಳಿ ಅದು. ಗಾಂಧೀಜಿಯ ಅಸಹಕಾರ ಚಳವಳಿಯ ಕರೆಗೆ ಓಗೊಟ್ಟು ಕಾಲೇಜು ಬಿಟ್ಟರು. ಖಾದಿ ಪ್ರಚಾರಕ್ಕೆಂದು ಊರೂರು ಸುತ್ತುವಾಗ ಜನರ ಬದುಕನ್ನು ಹತ್ತಿರದಿಂದ ಕಂಡರು. ಕನ್ನಡ ನಾಡಿನಲ್ಲಿ ಸಿನಿಮಾ ಇನ್ನೂ ಕಣ್ಣು ಬಿಡುತ್ತಿದ್ದ ಕಾಲದಲ್ಲೇ 1930ರಲ್ಲಿ 'ಡೊಮಿಂಗೊ', ಮರುವರ್ಷ 'ಭೂತರಾಜ್ಯ' ಎಂಬ ಮೂಕಿಚಿತ್ರಗಳನ್ನು ಮಾಡಿದರು.

1933ರಲ್ಲಿ ಬಂದ 'ಚೋಮನ ದುಡಿ'ಯಲ್ಲೂ ಭೂತವಿದೆ. ಜಾತಿಯ ಕಾರಣಕ್ಕೆ ಚೋಮನಿಗೆ ಬೇಸಾಯಕ್ಕೆ ತುಂಡು ನೆಲ ಸಿಗುವುದಿಲ್ಲ. ಮತಾಂತರವಾದರೆ ಸಿಕ್ಕೀತು ಎಂದು ಹೊರಟವನನ್ನು ಪಂಜುರ್ಲಿ ಭೂತದ ಮೇಲಿನ ಭಕ್ತಿಯೇ ತಡೆಯುತ್ತದೆ. ಓದುವಾಗ ನನಗೆ ಭೂತದ ಭಯವಾಗಲಿಲ್ಲ. ನೆಲವಿಲ್ಲದವನಿಗೆ ಉಳಿದಿದ್ದ ಒಂದೇ ಆಸ್ತಿ ಆ ನಂಬಿಕೆ, ಅದೇ ಅವನ ಕಾಲಿಗೂ ತೊಡಕಾಯಿತಲ್ಲ ಎಂದು ಸಂಕಟವಾಯಿತು. ಕಾರಂತರು ಸ್ವತಃ ವಿಚಾರವಾದಿ. ಆದರೂ ಜನರ ನಂಬಿಕೆಯನ್ನು ನಕ್ಕು ತಳ್ಳದೆ, ಅದರೊಳಗೆ ಇಣುಕಿ ನೋಡಿದರು. 'ಮೂಕಜ್ಜಿಯ ಕನಸುಗಳು' ಕಾದಂಬರಿಯ ಅಜ್ಜಿ ಒಂದು ವಸ್ತುವನ್ನು ಮುಟ್ಟಿದರೆ ಸಾಕು, ಸತ್ತವರ ಕಾಲವೇ ಕಣ್ಣೆದುರು ಬರುತ್ತದೆ. 1977ರ ಜ್ಞಾನಪೀಠ ಬಂದದ್ದು ಈ ಕೃತಿಗೆ.

ಹಲವು ಕೆಲಸಕ್ಕೆ ಕೈಹಾಕಿದವರು ಯಾವುದನ್ನೂ ಆಳವಾಗಿ ಮಾಡುವುದಿಲ್ಲ ಎನ್ನುತ್ತಾರೆ. ಕಾರಂತರು ಯಕ್ಷಗಾನದ ಹಾಡು, ಕುಣಿತ, ವೇಷಗಳನ್ನು ವರ್ಷಗಟ್ಟಲೆ ಅಭ್ಯಾಸ ಮಾಡಿ ಬರೆದ 'ಯಕ್ಷಗಾನ ಬಯಲಾಟ'ಕ್ಕೆ 1959ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ರಾತ್ರಿಯಿಡೀ ನಡೆಯುವ ಆಟವನ್ನು ಮಾತು ಬಿಟ್ಟು, ಹಾಡು–ಕುಣಿತದ ಕಿರು ಪ್ರಯೋಗವಾಗಿಸಿದರು, ಪಿಟೀಲು, ಸ್ಯಾಕ್ಸೊಫೋನ್ ಸೇರಿಸಿದರು. ಸಂಪ್ರದಾಯಸ್ಥರು ಒಪ್ಪಲಿಲ್ಲ, ಅವರು ನಿಲ್ಲಿಸಲಿಲ್ಲ. ಎಲ್ಲದರಲ್ಲೂ ಗೆದ್ದವರೇನಲ್ಲ. ಕೈಗಾ ಅಣುಸ್ಥಾವರ ವಿರೋಧಿಸಿ 1989ರಲ್ಲಿ ಲೋಕಸಭೆಗೆ ನಿಂತು ಸೋತರು. ತುರ್ತು ಪರಿಸ್ಥಿತಿಯಲ್ಲಿ ಪದ್ಮಭೂಷಣವನ್ನೇ ಮರಳಿಸಿದ್ದವರಿಗೆ ಆ ಸೋಲು ದೊಡ್ಡದಾಗಿ ಕಂಡಿರಲಾರದು. 1997ರಲ್ಲಿ ತೀರಿಕೊಂಡಾಗ ವಯಸ್ಸು 95.

ಅವರಂತೆ ಕಾಲೇಜು ಬಿಡಬೇಕು ಎಂದು ನಾನು ಹೇಳುತ್ತಿಲ್ಲ. ನನಗೂ ಸೆಮಿಸ್ಟರ್ ಪರೀಕ್ಷೆಯಿದೆ, ಕೆಲಸವೂ ಬೇಕು. ಆದರೆ ನಮ್ಮ ಸೋಂಪುರದ ಕಡೆಯೂ ಹುಣಸೆಮರದ ದೆವ್ವ, ಬಾವಿಯ ದೆವ್ವದ ಕತೆಗಳಿವೆ. ಕಾರ್ಖಾನೆಗಳು ಬಂದ ಮೇಲೆ ಹೇಳುವವರೂ ಕಡಿಮೆ, ಕೇಳುವವರೂ ಕಡಿಮೆ. ಆ ಬಾವಿಗೆ ಬಿದ್ದವಳು ಯಾರು, ಯಾರ ಕಾಟಕ್ಕೆ ಬಿದ್ದಳು ಎಂದು ನಾವು ಕೇಳಿಲ್ಲ. ಮುಂದಿನ ರಜೆಯಲ್ಲಿ ಊರಿನ ಹಿರಿಯರನ್ನು ಕೇಳಿ ಬರೆದಿಡಬೇಕು ಎಂದುಕೊಂಡಿದ್ದೇನೆ. ಅದು ಕತೆಯಾಗುತ್ತದೋ, ಚಿತ್ರವಾಗುತ್ತದೋ, ಕಿರುಚಿತ್ರವಾಗುತ್ತದೋ ಆಮೇಲೆ ನೋಡೋಣ.